ಸಾವಿರ ಡಾಲರ್ ಬಿಟ್ಟು ಫಿಲಂ ಡಬ್ಬಿ ಕೇಳಿದ ಅರ್ನಾಜ್

ಅದು 1951ನೇ ಇಸವಿ. ಹಾಲಿವುಡ್‌ನಲ್ಲಿ ಒಂದು ಚೌಕಾಶಿ ನಡೆದಿತ್ತು. ಒಂದು ಕಡೆ ಸಿಬಿಎಸ್ ಎಂಬ ಬಲಾಢ್ಯ ಪ್ರಸಾರ ಸಂಸ್ಥೆ ಮತ್ತು ಫಿಲಿಪ್ ಮಾರಿಸ್ ಎಂಬ ಸಿಗರೇಟು ಕಂಪೆನಿ. ಇನ್ನೊಂದು ಕಡೆ ಗಂಡ-ಹೆಂಡತಿ. ಹೆಂಡತಿ ಹದಿನೆಂಟು ವರ್ಷ ಸಿನಿಮಾಗಳಲ್ಲಿ ದುಡಿದರೂ ಮೊದಲ ಸಾಲಿನ ತಾರೆಯಾಗಲು ಆಗದಿದ್ದ ನಟಿ ಲೂಸಿಲ್ ಬಾಲ್. ಗಂಡ ಕ್ಯೂಬಾದಿಂದ ವಲಸೆ ಬಂದು ವಾದ್ಯವೃಂದ ಕಟ್ಟಿಕೊಂಡಿದ್ದ ಡೆಸಿ ಅರ್ನಾಜ್. ಮಾತು ನಡೆದಿದ್ದದ್ದು ಅರ್ಧ ಗಂಟೆಯ ಒಂದು ಹಾಸ್ಯ ಧಾರಾವಾಹಿಯ ಬಗ್ಗೆ. ಅದನ್ನು ಫಿಲಂ ಮೇಲೆ ಚಿತ್ರೀಕರಿಸಬೇಕೆಂದು ದಂಪತಿ ಹಟ ಹಿಡಿದಿದ್ದರು. ಅದಕ್ಕೆ ಖರ್ಚು ಹೆಚ್ಚು. ಆ ಖರ್ಚನ್ನು ಯಾರು ಹೊರಬೇಕು?

ಅರ್ನಾಜ್ ಒಂದು ದಾರಿ ತೋರಿದರು. ತಾವಿಬ್ಬರೂ ವಾರದ ಸಂಭಾವನೆಯಲ್ಲಿ 1,000 ಡಾಲರ್ ಕಡಿಮೆ ಪಡೆಯುತ್ತೇವೆ. ಬದಲಿಗೆ ಪ್ರಸಾರವಾದ ಮೇಲೆ ಆ ಫಿಲಂಗಳೆಲ್ಲ ತಮ್ಮ ಕಂಪೆನಿಗೇ ಸೇರಬೇಕು. ಎದುರಿನವರು ಹೆಚ್ಚು ಯೋಚಿಸದೆ ಒಪ್ಪಿಕೊಂಡರು. ಒಮ್ಮೆ ಪ್ರಸಾರವಾದ ಕಾರ್ಯಕ್ರಮವೆಂದರೆ ಆಗಿನ ದಿನಗಳಲ್ಲಿ ಓದಿ ಮುಗಿಸಿದ ದಿನಪತ್ರಿಕೆ ಇದ್ದಂತೆ. ರದ್ದಿಗೆ ಹಾಕುವುದನ್ನು ಯಾರೋ ಕೇಳಿದರೆ ಬೇಡವೆನ್ನುವುದೇಕೆ?

ಟೆಲಿವಿಷನ್ ವ್ಯವಹಾರದ ಇತಿಹಾಸ ಬರೆಯುವವರು ಇಂದಿಗೂ ಈ ಒಪ್ಪಂದದ ಪ್ರಸ್ತಾಪ ಮಾಡದೆ ಮುಂದೆ ಹೋಗುವುದಿಲ್ಲ. 'ಐ ಲವ್ ಲೂಸಿ' ಎಂಬ ಆ ಧಾರಾವಾಹಿಯ ಹೆಸರು ಕೇಳಿದವರು ಲೂಸಿಲ್ ಬಾಲ್ ಅವರನ್ನು ನೆನೆಯುತ್ತಾರೆ. ತೆರೆಯ ಮೇಲೆ ಆಕೆಯ ಗಂಡನಾಗಿ ಡೋಲು ಬಾರಿಸುತ್ತ, ಕೋಪ ಬಂದಾಗ ಸ್ಪ್ಯಾನಿಷ್‌ನಲ್ಲಿ ಬಡಬಡಿಸುತ್ತಿದ್ದ ವ್ಯಕ್ತಿಯೇ ತೆರೆಯ ಹಿಂದೆ ಇಡೀ ಕಾರ್ಖಾನೆಯನ್ನು ನಡೆಸುತ್ತಿದ್ದ ಎಂಬುದು ಬಹಳ ಜನಕ್ಕೆ ತಿಳಿಯದ ಸಂಗತಿ.

ಮೇಯರ್ ಮಗ, ಪಂಜರ ತೊಳೆಯುವ ಕೆಲಸ

ಡೆಸಿ ಅರ್ನಾಜ್ ಹುಟ್ಟಿದ್ದು 1917ರ ಮಾರ್ಚ್ 2ರಂದು, ಕ್ಯೂಬಾದ ಸ್ಯಾಂಟಿಯಾಗೊ ನಗರದಲ್ಲಿ. ತಂದೆ ಆ ನಗರದ ಮೇಯರ್. ತಾಯಿಯ ತಂದೆ ಹೆಸರಾಂತ ಬಕಾರ್ಡಿ ರಮ್ ಕಂಪೆನಿಯಲ್ಲಿ ಉನ್ನತ ಹುದ್ದೆಯಲ್ಲಿದ್ದವರು. ಮನೆ, ಜಮೀನು, ಆಳುಕಾಳು, ಯಾವುದಕ್ಕೂ ಕೊರತೆ ಇರಲಿಲ್ಲ. ಹುಡುಗ ಮುಂದೆ ವಕೀಲನಾಗಬೇಕು ಎಂಬುದು ಮನೆಯವರ ಎಣಿಕೆ.

1933ರ ಆಗಸ್ಟ್‌ನಲ್ಲಿ ಕ್ಯೂಬಾದ ಅಧ್ಯಕ್ಷ ಮಚಾಡೊ ಅವರ ಸರ್ಕಾರ ಉರುಳಿತು. ಆ ಸರ್ಕಾರದ ಕಡೆಯವರೆಲ್ಲರ ಮೇಲೆ ಜನರ ಸಿಟ್ಟು ತಿರುಗಿತು. ಅರ್ನಾಜ್ ಕುಟುಂಬದ ಮನೆಯ ಮೇಲೆ ದಾಳಿಯಾಯಿತು, ಆಸ್ತಿ ಕೈಬಿಟ್ಟಿತು, ತಂದೆ ಸೆರೆಮನೆ ಸೇರಿದರು. ಬಿಡುಗಡೆಯ ನಂತರ ಅವರು ಅಮೆರಿಕದ ಮಯಾಮಿಗೆ ಹೋದರು. 1934ರಲ್ಲಿ ಹದಿಹರೆಯದ ಮಗನೂ ಅಲ್ಲಿಗೆ ಬಂದ. ಅಪ್ಪ-ಮಗ ಕೆಲಕಾಲ ಒಂದು ಗೋದಾಮಿನಲ್ಲೇ ವಾಸವಿದ್ದರು. ಸರಿಯಾಗಿ ಇಂಗ್ಲಿಷ್ ಬಾರದ ಹುಡುಗನಿಗೆ ಸಿಕ್ಕ ಕೆಲಸಗಳಲ್ಲಿ ಒಂದು, ಸಾಕುವ ಹಕ್ಕಿಗಳ ಪಂಜರ ತೊಳೆಯುವುದು. ಆತನ ಶಾಲೆಯ ಸಹಪಾಠಿಗಳಲ್ಲಿ ಕುಖ್ಯಾತ ಪಾತಕಿ ಅಲ್ ಕಪೋನ್‌ನ ಮಗನೂ ಇದ್ದ. ಈ ಸಂಗತಿ ಮುಂದೆ ಇನ್ನೊಂದು ಕಡೆ ಬರುತ್ತದೆ.

ಗಿಟಾರ್ ಮತ್ತು ಡೋಲು ಹುಡುಗನ ಕೈ ಹಿಡಿದವು. ಮಯಾಮಿಯ ಹೋಟೆಲೊಂದರಲ್ಲಿ ಸಣ್ಣ ತಂಡದೊಡನೆ ಹಾಡುತ್ತಿದ್ದವನನ್ನು ಪ್ರಸಿದ್ಧ ವಾದ್ಯವೃಂದದ ನಾಯಕ ಜೇವಿಯರ್ ಕೂಗಾಟ್ ತಮ್ಮೊಡನೆ ಕರೆದುಕೊಂಡರು. ಸ್ವಲ್ಪ ಕಾಲದಲ್ಲೇ ಅರ್ನಾಜ್ ಸ್ವಂತ ತಂಡ ಕಟ್ಟಿ, ಕ್ಯೂಬಾದ ಜಾತ್ರೆಗಳಲ್ಲಿ ಜನ ಒಬ್ಬರ ಹಿಂದೊಬ್ಬರು ಸಾಲುಗಟ್ಟಿ ಕುಣಿಯುವ 'ಕೊಂಗಾ' ನೃತ್ಯವನ್ನು ಅಮೆರಿಕದ ಹೋಟೆಲುಗಳಲ್ಲಿ ಹುಚ್ಚೆಬ್ಬಿಸುವಂತೆ ಹರಡಿದರು. 1939ರಲ್ಲಿ ನ್ಯೂಯಾರ್ಕಿನ ಬ್ರಾಡ್‌ವೇ ರಂಗಭೂಮಿಯಲ್ಲಿ 'ಟೂ ಮೆನಿ ಗರ್ಲ್ಸ್' ಎಂಬ ಸಂಗೀತ ನಾಟಕದಲ್ಲಿ ಪಾತ್ರ ಸಿಕ್ಕಿತು. ಮರುವರ್ಷ ಅದೇ ನಾಟಕವನ್ನು ಆರ್‌ಕೆಒ ಸ್ಟುಡಿಯೊ ಚಲನಚಿತ್ರವಾಗಿ ತೆಗೆಯಿತು. ಆ ಚಿತ್ರದಲ್ಲಿ ನಟಿಸುತ್ತಿದ್ದ ಲೂಸಿಲ್ ಬಾಲ್ ಅವರ ಪರಿಚಯವಾದದ್ದು ಅಲ್ಲೇ. 1940ರ ನವೆಂಬರ್ 30ರಂದು ಮದುವೆ ನಡೆಯಿತು. ವಧು ವರನಿಗಿಂತ ಆರು ವರ್ಷ ದೊಡ್ಡವರು.

ಮದುವೆಯಾದ ಮೇಲೂ ಒಟ್ಟಿಗೆ ಬಾಳುವ ಯೋಗ ಕಡಿಮೆ. ಯುದ್ಧಕಾಲದಲ್ಲಿ ಅರ್ನಾಜ್ ಸೇನೆಯಲ್ಲಿದ್ದರು. ಆಮೇಲೆ ವಾದ್ಯವೃಂದದೊಡನೆ ಊರೂರು ಅಲೆದಾಟ. ಹೆಂಡತಿ ಹಾಲಿವುಡ್‌ನಲ್ಲಿ. ಇಬ್ಬರೂ ಒಂದೇ ಊರಿನಲ್ಲಿ ಕೆಲಸ ಮಾಡುವಂಥ ದಾರಿಯೊಂದು ಬೇಕಿತ್ತು. 'ಐ ಲವ್ ಲೂಸಿ' ಹುಟ್ಟಿದ್ದರ ಹಿಂದೆ ಇಂಥ ಸಂಸಾರದ ಚಿಂತೆ ಇತ್ತು.

'ಇವನು ಗಂಡನೆಂದರೆ ಯಾರು ನಂಬುತ್ತಾರೆ?'

1948ರಿಂದ ಲೂಸಿಲ್ ಬಾಲ್ ಸಿಬಿಎಸ್ ರೇಡಿಯೊದಲ್ಲಿ 'ಮೈ ಫೇವರಿಟ್ ಹಸ್ಬೆಂಡ್' ಎಂಬ ಹಾಸ್ಯ ಸರಣಿಯಲ್ಲಿ ಹೆಂಡತಿಯ ಪಾತ್ರ ಮಾಡುತ್ತಿದ್ದರು. ಜನ ಮೆಚ್ಚಿದ್ದರು. ಅದನ್ನು ಟೆಲಿವಿಷನ್‌ಗೆ ತರಬೇಕೆಂದು ಸಿಬಿಎಸ್ ಬಯಸಿತು. ಆಕೆ ಒಂದೇ ಷರತ್ತು ಹಾಕಿದರು: ಗಂಡನ ಪಾತ್ರವನ್ನು ತನ್ನ ಗಂಡನೇ ಮಾಡಬೇಕು.

ಸಂಸ್ಥೆಯ ಅಧಿಕಾರಿಗಳು ಹಿಂಜರಿದರು. ಅಪ್ಪಟ ಅಮೆರಿಕದ ಹೆಣ್ಣಿಗೆ ಮುರುಕು ಇಂಗ್ಲಿಷ್ ಮಾತನಾಡುವ ಕ್ಯೂಬಾದವನು ಗಂಡನೆಂದರೆ ವೀಕ್ಷಕರು ಒಪ್ಪುವುದಿಲ್ಲ ಎಂಬುದು ಅವರ ಭಯ. ಒಂಬತ್ತು-ಹತ್ತು ವರ್ಷಗಳಿಂದ ನಿಜಜೀವನದಲ್ಲಿ ಸಂಸಾರ ಮಾಡುತ್ತಿದ್ದವರನ್ನು ನಾಟಕದಲ್ಲಿ ದಂಪತಿಯೆಂದು ನಂಬಲಾಗದು ಎಂದದ್ದು ವಿಚಿತ್ರ. ಆದರೆ ವರ್ಣಭೇದ ಇನ್ನೂ ಹಲವೆಡೆ ಕಾನೂನೇ ಆಗಿದ್ದ ಆ ಕಾಲದ ಅಮೆರಿಕದಲ್ಲಿ ಈ ಭಯ ಅಪರೂಪದ್ದೇನಲ್ಲ.

ವಾದ ಮಾಡುವ ಬದಲು ಪರೀಕ್ಷೆ ಮಾಡಿ ತೋರಿಸಲು ದಂಪತಿ ತೀರ್ಮಾನಿಸಿದರು. 1950ರಲ್ಲಿ ಇಬ್ಬರ ಹೆಸರನ್ನೂ ಬೆಸೆದು 'ಡೆಸಿಲು' ಎಂಬ ಕಂಪೆನಿ ಸ್ಥಾಪಿಸಿದರು. ಹಾಸ್ಯ ಪ್ರಹಸನಗಳನ್ನು ಕಟ್ಟಿಕೊಂಡು ಊರೂರುಗಳ ರಂಗಮಂದಿರಗಳಲ್ಲಿ ಪ್ರದರ್ಶನ ನೀಡಿದರು. ಟಿಕೆಟು ಕೊಂಡು ಬಂದ ಜನ ಹೊಟ್ಟೆ ಹುಣ್ಣಾಗುವಂತೆ ನಕ್ಕರು. ಗಂಡನ ಉಚ್ಚಾರಣೆ ಯಾರಿಗೂ ಅಡ್ಡಿಯಾಗಲಿಲ್ಲ. ಅದೂ ನಗುವಿನ ಒಂದು ಮೂಲವಾಯಿತು. ಸಿಬಿಎಸ್ ಮಣಿಯಿತು. 1951ರ ಮಾರ್ಚ್‌ನಲ್ಲಿ ಮಾದರಿ ಕಂತು ಸಿದ್ಧವಾಯಿತು. ಫಿಲಿಪ್ ಮಾರಿಸ್ ಕಂಪೆನಿ ಪ್ರಾಯೋಜಕನಾಗಿ ಮುಂದೆ ಬಂತು.

ಮುಂದೆ ಧಾರಾವಾಹಿ ನಡೆಯುವಾಗ ಈ ಉಚ್ಚಾರಣೆಯ ವಿಷಯದಲ್ಲಿ ತಂಡ ಒಂದು ಕಟ್ಟುಪಾಡು ಪಾಲಿಸಿತು. ಗಂಡನ ಇಂಗ್ಲಿಷನ್ನು ಹೆಂಡತಿ ಲೂಸಿ ಮಾತ್ರ ಗೇಲಿ ಮಾಡಬಹುದು. ಬೇರೆ ಪಾತ್ರ ಮಾಡಿದರೆ ಜನ ನಗುವುದಿಲ್ಲ, ಮುಖ ಸಿಂಡರಿಸುತ್ತಾರೆ ಎಂಬುದು ಅನುಭವದಿಂದ ತಿಳಿದಿತ್ತು.

ಮೂರು ಕ್ಯಾಮೆರಾ, ಮುನ್ನೂರು ಪ್ರೇಕ್ಷಕರು

ಆದರೆ ಒಂದು ತೊಡಕು ಉಳಿದಿತ್ತು. ಆಗ ಟೆಲಿವಿಷನ್‌ನ ರಾಜಧಾನಿ ನ್ಯೂಯಾರ್ಕ್. ಕಾರ್ಯಕ್ರಮಗಳು ಬಹುಪಾಲು ಅಲ್ಲಿಂದಲೇ ನೇರ ಪ್ರಸಾರವಾಗುತ್ತಿದ್ದವು. ವಿಡಿಯೊ ಟೇಪು ಇನ್ನೂ ಬಂದಿರಲಿಲ್ಲ. ಅದು ಬಳಕೆಗೆ ಬಂದದ್ದು 1956ರಲ್ಲಿ. ನೇರ ಪ್ರಸಾರ ತಲುಪದ ಊರುಗಳಿಗಾಗಿ ಟೆಲಿವಿಷನ್ ಪರದೆಯ ಎದುರು ಒಂದು ಫಿಲಂ ಕ್ಯಾಮೆರಾ ಇಟ್ಟು, ಪರದೆಯಲ್ಲಿ ಮೂಡಿದ್ದನ್ನೇ ಮತ್ತೆ ಚಿತ್ರೀಕರಿಸಿ ಕಳುಹಿಸುತ್ತಿದ್ದರು. ಇದಕ್ಕೆ ಕಿನೆಸ್ಕೋಪ್ ಎಂದು ಹೆಸರು. ಚಿತ್ರ ಮಸುಕು ಮಸುಕು.

ದಂಪತಿಗೆ ಹಾಲಿವುಡ್ ಬಿಡಲು ಇಷ್ಟವಿರಲಿಲ್ಲ. ಲೂಸಿಲ್ ಬಾಲ್ ಆಗ ತುಂಬು ಗರ್ಭಿಣಿ. ಮಗಳು ಹುಟ್ಟಿದ್ದು ಅದೇ ಜುಲೈನಲ್ಲಿ. ಹಾಲಿವುಡ್‌ನಿಂದ ನೇರ ಪ್ರಸಾರ ಮಾಡಿದರೆ ಸಿಗರೇಟು ಕಂಪೆನಿಯ ಗಿರಾಕಿಗಳು ಹೆಚ್ಚಾಗಿದ್ದ ಪೂರ್ವದ ರಾಜ್ಯಗಳಿಗೆ ಮಸುಕು ಚಿತ್ರ ಹೋಗುತ್ತದೆ. ಅದಕ್ಕೆ ಪ್ರಾಯೋಜಕ ಒಪ್ಪುವುದಿಲ್ಲ. ಈ ಇಕ್ಕಟ್ಟಿನಿಂದ ಹೊರಬರಲು ಅರ್ನಾಜ್ ಹೇಳಿದ ಉಪಾಯವೇ ಫಿಲಂ. ಸಿನಿಮಾದಂತೆ 35 ಮಿ.ಮೀ. ಫಿಲಂ ಮೇಲೆ ಚಿತ್ರೀಕರಿಸಿದರೆ ದೇಶದ ಯಾವ ಮೂಲೆಯಲ್ಲಿ ನೋಡಿದರೂ ಚಿತ್ರ ಒಂದೇ ತೆರ.

ಸಿನಿಮಾದ ವಿಧಾನದಲ್ಲಿ ಒಂದು ಕೊರತೆ ಇತ್ತು. ಒಂದೇ ಕ್ಯಾಮೆರಾದಲ್ಲಿ ತುಣುಕು ತುಣುಕಾಗಿ ಚಿತ್ರೀಕರಿಸುವಾಗ ಪ್ರೇಕ್ಷಕರಿರುವುದಿಲ್ಲ. ಲೂಸಿಲ್ ಬಾಲ್ ಅವರ ಅಭಿನಯವೋ, ಎದುರಿಗೆ ಜನ ಕುಳಿತು ನಕ್ಕರೆ ಮಾತ್ರ ಅರಳುವಂಥದ್ದು. ಆದ್ದರಿಂದ ನಾಟಕದಂತೆ ಜನರ ಮುಂದೆ ಆಡಬೇಕು, ಸಿನಿಮಾದಂತೆ ಫಿಲಂ ಮೇಲೆ ಹಿಡಿಯಬೇಕು. ಮೂರು ಫಿಲಂ ಕ್ಯಾಮೆರಾಗಳು ಏಕಕಾಲದಲ್ಲಿ ಓಡಿ ದೂರದ, ನಡುವಿನ, ಹತ್ತಿರದ ನೋಟಗಳನ್ನು ಹಿಡಿಯುವ ವ್ಯವಸ್ಥೆ ಮಾಡಬೇಕು.

ಇದು ಒಬ್ಬರ ತಲೆಯಿಂದ ಹುಟ್ಟಿದ ಆವಿಷ್ಕಾರ ಎಂದು ಹೇಳುವುದು ಸರಿಯಲ್ಲ. ಹಲವು ಫಿಲಂ ಕ್ಯಾಮೆರಾಗಳನ್ನು ಒಟ್ಟಿಗೆ ಓಡಿಸುವ ಪ್ರಯೋಗ ಅದಕ್ಕೆ ಮೊದಲೇ 'ಟ್ರೂತ್ ಆರ್ ಕಾನ್ಸಿಕ್ವೆನ್ಸಸ್' ಎಂಬ ಕಾರ್ಯಕ್ರಮದಲ್ಲಿ ನಡೆದಿತ್ತು. ಅದರಲ್ಲಿ ಕೆಲಸ ಮಾಡಿದ ಅಲ್ ಸೈಮನ್ ಅವರನ್ನೇ ಡೆಸಿಲು ಸೇರಿಸಿಕೊಂಡಿತು. ಧಾರಾವಾಹಿಯ ಕಥೆ, ಪಾತ್ರಗಳ ರೂಪ ಕೊಟ್ಟವರು ನಿರ್ಮಾಪಕ ಹಾಗೂ ಮುಖ್ಯ ಲೇಖಕ ಜೆಸ್ ಆಪನ್‌ಹೈಮರ್. ಅವರ ಜೊತೆಗೆ ಲೇಖಕರಾದ ಮ್ಯಾಡಲಿನ್ ಪ್ಯೂ ಮತ್ತು ಬಾಬ್ ಕೆರೊಲ್. ಅರ್ನಾಜ್ ಅವರ ಹೆಚ್ಚುಗಾರಿಕೆ ಇದ್ದದ್ದು ಯಾರಿಂದ ಏನು ಆಗುತ್ತದೆಂದು ಗುರುತಿಸಿ, ಅವರನ್ನೆಲ್ಲ ಒಂದೆಡೆ ಕೂಡಿಸಿ, ಆಗುವುದಿಲ್ಲ ಎಂದವರ ಎದುರು ಆಗಿಸಿ ತೋರಿಸಿದ್ದರಲ್ಲಿ.

ಛಾಯಾಗ್ರಾಹಕರ ಆಯ್ಕೆಯೇ ಅದಕ್ಕೆ ಸಾಕ್ಷಿ. ಜರ್ಮನಿಯ ಮಹಾಚಿತ್ರ 'ಮೆಟ್ರೊಪೊಲಿಸ್'ಗೆ ಕ್ಯಾಮೆರಾ ಹಿಡಿದಿದ್ದ, ಹಾಲಿವುಡ್‌ನಲ್ಲಿ 'ದಿ ಗುಡ್ ಅರ್ತ್' ಚಿತ್ರಕ್ಕೆ ಆಸ್ಕರ್ ಪಡೆದಿದ್ದ ಕಾರ್ಲ್ ಫ್ರಾಯಿಂಡ್ ಅವರನ್ನು ಅರ್ನಾಜ್ ಒಪ್ಪಿಸಿ ಕರೆತಂದರು. ಸಿನಿಮಾದಲ್ಲಿ ಪ್ರತಿ ನೋಟಕ್ಕೂ ದೀಪಗಳನ್ನು ಬದಲಿಸುತ್ತಾರೆ. ಇಲ್ಲಿ ಮೂರು ಕೋನಗಳಿಂದ ಒಮ್ಮೆಗೇ ಚಿತ್ರೀಕರಣ. ಒಂದಕ್ಕೆ ಒಪ್ಪುವ ಬೆಳಕು ಇನ್ನೊಂದರಲ್ಲಿ ನೆರಳು ಬೀಳಿಸುತ್ತದೆ. ಫ್ರಾಯಿಂಡ್ ದೀಪಗಳನ್ನು ಬಹುಪಾಲು ಮೇಲಿನಿಂದ ತೂಗುಹಾಕಿ ಇಡೀ ರಂಗಕ್ಕೆ ಸಮನಾದ ಬೆಳಕು ಹರಡಿದರು. ನೆಲದ ಮೇಲೆ ತಂತಿಗಳ ಗೋಜಲು ಇಲ್ಲದ್ದರಿಂದ ಗಾಲಿಗಳ ಮೇಲಿನ ಕ್ಯಾಮೆರಾಗಳು ಅಡ್ಡಿಯಿಲ್ಲದೆ ಓಡಾಡಿದವು. ಮೂರು ಫಿಲಂಗಳನ್ನು ಜೊತೆಯಲ್ಲೇ ನೋಡುತ್ತ ಕತ್ತರಿಸಲು ವಿಶೇಷ ಯಂತ್ರ ಬಂತು. ಸಂಕಲನಕಾರರು ಅದಕ್ಕೆ 'ರಾಕ್ಷಸ' ಎಂದು ಅಡ್ಡಹೆಸರಿಟ್ಟಿದ್ದರು.

ಹಾಲಿವುಡ್‌ನ ಜನರಲ್ ಸರ್ವೀಸ್ ಸ್ಟುಡಿಯೊದಲ್ಲಿ ಸುಮಾರು 300 ಜನ ಕೂರುವಂತೆ ಮೆಟ್ಟಿಲು ಸಾಲು ಹಾಕಿದರು. ಜನ ಬಂದು ಹೋಗಲು ರಸ್ತೆಯ ಕಡೆಗೆ ಹೊಸ ಬಾಗಿಲು ತೆರೆದರು. ವಾರವಿಡೀ ಅಭ್ಯಾಸ, ಒಂದು ಸಂಜೆ ಚಿತ್ರೀಕರಣ. ಕ್ಯಾಮೆರಾ ಓಡುವ ಮೊದಲು ಅರ್ನಾಜ್ ತಾವೇ ಪ್ರೇಕ್ಷಕರ ಮುಂದೆ ನಿಂತು, ನಾಲ್ಕು ನಗೆ ಮಾತಾಡಿ, ಕಲಾವಿದರನ್ನು ಪರಿಚಯಿಸುತ್ತಿದ್ದರು. ಜನರ ತಲೆಯ ಮೇಲೆ ಮೈಕುಗಳು ತೂಗುತ್ತಿದ್ದವು. ಅವರ ನಗುವೇ ಧಾರಾವಾಹಿಯ ಹಿನ್ನೆಲೆ.

1951ರ ಅಕ್ಟೋಬರ್ 15ರ ಸೋಮವಾರ ರಾತ್ರಿ ಮೊದಲ ಕಂತು ಪ್ರಸಾರವಾಯಿತು. ಎರಡನೇ ವರ್ಷದ ಹೊತ್ತಿಗೆ ಅದು ಅಮೆರಿಕದ ಅತಿ ಜನಪ್ರಿಯ ಕಾರ್ಯಕ್ರಮ. 1987-88ರಲ್ಲಿ ದೂರದರ್ಶನದ 'ರಾಮಾಯಣ' ಬರುತ್ತಿದ್ದ ಭಾನುವಾರದ ಬೆಳಗುಗಳನ್ನು ಕಂಡವರಿಗೆ ಆ ಸೋಮವಾರ ರಾತ್ರಿಗಳ ಕಲ್ಪನೆ ಬಂದೀತು. ಷಿಕಾಗೊದ ದೊಡ್ಡ ಅಂಗಡಿ ಮಾರ್ಷಲ್ ಫೀಲ್ಡ್ಸ್ ತನ್ನ ರಾತ್ರಿ ಮಾರಾಟದ ದಿನವನ್ನು ಸೋಮವಾರದಿಂದ ಗುರುವಾರಕ್ಕೆ ಬದಲಾಯಿಸಿತು.

ಗರ್ಭಿಣಿ ಎಂಬ ಮಾತೇ ನಿಷಿದ್ಧ

1952ರಲ್ಲಿ ಲೂಸಿಲ್ ಬಾಲ್ ಮತ್ತೆ ಗರ್ಭಿಣಿಯಾದರು. ಧಾರಾವಾಹಿ ನಿಲ್ಲಿಸಬೇಕೆ? ಅಥವಾ ಕುರ್ಚಿ, ಮೇಜುಗಳ ಹಿಂದೆ ಆಕೆಯನ್ನು ಮರೆಮಾಚಿ ಚಿತ್ರೀಕರಿಸಬೇಕೆ? ಸಂಸ್ಥೆಯವರೂ ಪ್ರಾಯೋಜಕರೂ ಮರೆಮಾಚುವುದನ್ನೇ ಬಯಸಿದರು. ಅಮೆರಿಕದ ಟೆಲಿವಿಷನ್‌ನಲ್ಲಿ ಆಗ ಗಂಡ-ಹೆಂಡತಿಯ ಮಂಚಗಳೂ ಬೇರೆ ಬೇರೆ. ಬಸುರಿ ಹೆಂಗಸನ್ನು ತೋರಿಸುವುದು ಅಸಭ್ಯ ಎಂಬ ಭಾವನೆ ಇತ್ತು.

ಅರ್ನಾಜ್ ಜಗ್ಗಲಿಲ್ಲ. ತೆರೆಯ ಮೇಲಿನ ಲೂಸಿಯೂ ಬಸುರಿಯಾಗಲಿ ಎಂದು ತಂಡ ನಿರ್ಧರಿಸಿತು. ಅರ್ನಾಜ್ ನೇರವಾಗಿ ಫಿಲಿಪ್ ಮಾರಿಸ್ ಕಂಪೆನಿಯ ಅಧ್ಯಕ್ಷರಿಗೇ ಪತ್ರ ಬರೆದರು. ಅದಾದ ಮೇಲೆ ವಿರೋಧ ಅಡಗಿತು. ಆದರೂ 'ಗರ್ಭಿಣಿ' ಎಂಬ ನೇರ ಪದ ಬಳಸಲು ಸಿಬಿಎಸ್ ಅನುಮತಿ ಕೊಡಲಿಲ್ಲ. ಒಬ್ಬ ಕ್ಯಾಥೊಲಿಕ್ ಪಾದ್ರಿ, ಒಬ್ಬ ಪ್ರಾಟೆಸ್ಟೆಂಟ್ ಪಾದ್ರಿ, ಒಬ್ಬ ಯೆಹೂದಿ ಗುರು, ಈ ಮೂವರೂ ಚಿತ್ರಕಥೆ ನೋಡಿ ಆಕ್ಷೇಪವಿಲ್ಲವೆಂದ ಮೇಲೆ ಚಿತ್ರೀಕರಣ ನಡೆಯಿತು.

1953ರ ಜನವರಿ 19ರ ಬೆಳಗ್ಗೆ ಶಸ್ತ್ರಚಿಕಿತ್ಸೆಯ ಮೂಲಕ ಗಂಡುಮಗು ಹುಟ್ಟಿತು. ಹೆರಿಗೆಯ ದಿನ ಮೊದಲೇ ಗೊತ್ತಾಗಿದ್ದರಿಂದ ತೆರೆಯ ಮೇಲಿನ ಲೂಸಿಗೆ ಗಂಡುಮಗುವಾಗುವ ಕಂತನ್ನು ಅದೇ ರಾತ್ರಿ ಪ್ರಸಾರ ಮಾಡಿದರು. ಸುಮಾರು 4 ಕೋಟಿ 40 ಲಕ್ಷ ಜನ ಅದನ್ನು ನೋಡಿದರೆಂಬ ಅಂದಾಜಿದೆ. ಟೆಲಿವಿಷನ್ ಇದ್ದ ಪ್ರತಿ ನೂರು ಮನೆಗಳಲ್ಲಿ ಎಪ್ಪತ್ತಕ್ಕೂ ಹೆಚ್ಚು ಮನೆಗಳು ಆ ಕಾರ್ಯಕ್ರಮಕ್ಕೆ ತಿರುಗಿದ್ದವು. ಮರುದಿನ ಐಸೆನ್‌ಹೋವರ್ ಅಧ್ಯಕ್ಷರಾಗಿ ಪ್ರಮಾಣವಚನ ಸ್ವೀಕರಿಸಿದ್ದನ್ನು ನೋಡಿದವರು ಸುಮಾರು 2 ಕೋಟಿ 90 ಲಕ್ಷ.

ಈ ಹೆರಿಗೆಯೇ ಇನ್ನೊಂದು ಹೊಸ ಬಾಗಿಲು ತೆರೆಯಿತು. ಲೂಸಿಲ್ ಬಾಲ್ ವಿಶ್ರಾಂತಿಯಲ್ಲಿದ್ದಾಗ ಹೊಸ ಕಂತುಗಳು ಸಾಲದೆ ಹಳೆಯ ಕೆಲವನ್ನು ಮತ್ತೆ ಹಾಕಬೇಕಾಯಿತು. ಫಿಲಂ ಮೇಲಿದ್ದುದರಿಂದ ಅವು ಹೊಸತರಷ್ಟೇ ಸ್ವಚ್ಛವಾಗಿದ್ದವು. ಜನ ಬೇಸರಿಸಲಿಲ್ಲ, ಮತ್ತೆ ನೋಡಿ ಮತ್ತೆ ನಕ್ಕರು. ರದ್ದಿ ಎಂದುಕೊಂಡಿದ್ದ ಡಬ್ಬಿಗಳಿಗೆ ಬೆಲೆ ಇದೆ ಎಂಬುದು ಎಲ್ಲರಿಗೂ ಕಾಣಿಸತೊಡಗಿತು. ಸಿಬಿಎಸ್ ಮತ್ತು ಫಿಲಿಪ್ ಮಾರಿಸ್ 1953ರಲ್ಲಿ ಡೆಸಿಲು ಜೊತೆ ಮಾಡಿಕೊಂಡ ಹೊಸ ಒಪ್ಪಂದದ ಮೊತ್ತ 80 ಲಕ್ಷ ಡಾಲರ್.

ಕೆಂಪು ನೆರಳು

ಅದೇ ವರ್ಷ ಎಲ್ಲವೂ ಮುಳುಗಿಹೋಗುವ ಸಂದರ್ಭವೂ ಬಂತು. ಅಮೆರಿಕದಲ್ಲಿ ಅದು ಕಮ್ಯುನಿಸ್ಟರೆಂಬ ಶಂಕೆಯ ಮೇಲೆ ಕಲಾವಿದರನ್ನೂ ಲೇಖಕರನ್ನೂ ಬೇಟೆಯಾಡುತ್ತಿದ್ದ ಕಾಲ. ಹೆಸರು ಒಮ್ಮೆ ಕಪ್ಪುಪಟ್ಟಿಗೆ ಬಿದ್ದರೆ ಕೆಲಸ ಸಿಗುತ್ತಿರಲಿಲ್ಲ. 1936ರಲ್ಲಿ ಲೂಸಿಲ್ ಬಾಲ್ ಮತದಾರರ ನೋಂದಣಿಯಲ್ಲಿ ಕಮ್ಯುನಿಸ್ಟ್ ಪಕ್ಷದ ಹೆಸರು ಬರೆಸಿದ್ದರು. ತಮ್ಮನ್ನು ಸಾಕಿದ, ಸಮಾಜವಾದವನ್ನು ನಂಬಿದ್ದ ಅಜ್ಜನ ಮನಸ್ಸಂತೋಷಕ್ಕಾಗಿ ಹಾಗೆ ಮಾಡಿದೆ, ಪಕ್ಷಕ್ಕೂ ತನಗೂ ಬೇರೆ ಸಂಬಂಧವಿರಲಿಲ್ಲ ಎಂದು 1953ರ ಸೆಪ್ಟೆಂಬರ್‌ನಲ್ಲಿ ವಿಚಾರಣಾ ಸಮಿತಿಯ ಮುಂದೆ ಆಕೆ ಹೇಳಿಕೆ ಕೊಟ್ಟರು. ಸಮಿತಿ ಒಪ್ಪಿತು. ಆದರೆ ವಾಲ್ಟರ್ ವಿಂಚೆಲ್ ಎಂಬ ಪ್ರಭಾವಿ ಅಂಕಣಕಾರ ರೇಡಿಯೊದಲ್ಲಿ ಹೆಸರು ಹೇಳದೆ ಸುಳಿವು ಬಿಟ್ಟರು. ಕೆಲವೇ ದಿನಗಳಲ್ಲಿ ಲಾಸ್ ಏಂಜಲೀಸ್‌ನ ಪತ್ರಿಕೆಯಲ್ಲಿ ದೊಡ್ಡ ಅಕ್ಷರಗಳ ಸುದ್ದಿ ಬಂತು.

ಸೆಪ್ಟೆಂಬರ್ 11ರ ಸಂಜೆ ಹೊಸ ವರ್ಷದ ಕಂತಿನ ಚಿತ್ರೀಕರಣ. ಪ್ರೇಕ್ಷಕರು ಬಂದು ಕುಳಿತಿದ್ದರು. ಅವರು ಕೂಗಿ ಅಣಕಿಸಿದರೆ ಧಾರಾವಾಹಿಯ ಕಥೆ ಅಲ್ಲಿಗೇ ಮುಗಿಯುತ್ತಿತ್ತು. ಎಂದಿನಂತೆ ಮುಂದೆ ಬಂದ ಅರ್ನಾಜ್ ಅಂದು ನಗೆ ಮಾತಿನಿಂದ ಆರಂಭಿಸಲಿಲ್ಲ. ಕಮ್ಯುನಿಸಮ್ಮನ್ನು ತಾವು ದ್ವೇಷಿಸುವುದಾಗಿಯೂ ಪತ್ರಿಕೆಯಲ್ಲಿ ಬಂದದ್ದು ಸುಳ್ಳೆಂದೂ ಹೇಳಿದರು. ಕೊನೆಗೆ ಹೆಂಡತಿಯನ್ನು ಕರೆಯುತ್ತ, ಅವಳಲ್ಲಿ ಕೆಂಪಗಿರುವುದು ತಲೆಗೂದಲೊಂದೇ, ಅದೂ ನಿಜವಾದ ಬಣ್ಣವಲ್ಲ ಎಂದರು. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಪ್ರಾಯೋಜಕರು ಕೈಬಿಡಲಿಲ್ಲ. ಅಂಥದೇ ಆರೋಪಕ್ಕೆ ಸಿಕ್ಕಿ ಬದುಕು ಕಳೆದುಕೊಂಡ ಎಷ್ಟೋ ಮಂದಿಗೆ ಇಂಥ ಅದೃಷ್ಟ ಇರಲಿಲ್ಲ ಎಂಬುದನ್ನೂ ಇಲ್ಲಿ ನೆನೆಯಬೇಕು. ದೇಶದಲ್ಲೇ ಹೆಚ್ಚು ಜನ ನೋಡುವ ಕಾರ್ಯಕ್ರಮ ಆಕೆಯ ಬೆನ್ನಿಗಿತ್ತು.

ಸಂಬಳಕ್ಕಿದ್ದ ಸ್ಟುಡಿಯೊಗೇ ಯಜಮಾನ

ಡೆಸಿಲು ಒಂದೇ ಧಾರಾವಾಹಿಯ ಕಂಪೆನಿಯಾಗಿ ಉಳಿಯಲಿಲ್ಲ. ಮೂರು ಕ್ಯಾಮೆರಾದ ತಂತ್ರ, ತರಬೇತಾದ ತಂಡ ಎರಡೂ ಕೈಯಲ್ಲಿದ್ದವು. 'ಅವರ್ ಮಿಸ್ ಬ್ರೂಕ್ಸ್', 'ಡಿಸೆಂಬರ್ ಬ್ರೈಡ್' ಮುಂತಾದ ಹಾಸ್ಯ ಸರಣಿಗಳು ಅಲ್ಲಿ ತಯಾರಾದವು. ಬೇರೆ ನಿರ್ಮಾಪಕರ ಧಾರಾವಾಹಿಗಳಿಗೂ ಡೆಸಿಲು ಚಿತ್ರೀಕರಣದ ಸೌಲಭ್ಯ ಒದಗಿಸಿತು. 1957ರ ಮೇ ತಿಂಗಳಲ್ಲಿ, ಆರು ವರ್ಷ ನಡೆದು, ಜನಪ್ರಿಯತೆಯ ಪಟ್ಟಿಯಲ್ಲಿ ಮೊದಲ ಸ್ಥಾನದಲ್ಲಿದ್ದಾಗಲೇ 'ಐ ಲವ್ ಲೂಸಿ'ಯ ಅರ್ಧ ಗಂಟೆಯ ಕಂತುಗಳು ಕೊನೆಗೊಂಡವು. ಮುಂದಿನ ಮೂರು ವರ್ಷ ಆಗೊಮ್ಮೆ ಈಗೊಮ್ಮೆ ಒಂದು ಗಂಟೆಯ ವಿಶೇಷ ಕಂತುಗಳು ಬಂದವು.

1957ರ ಕೊನೆಯಲ್ಲಿ ಆರ್‌ಕೆಒ ಸ್ಟುಡಿಯೊ ಮಾರಾಟಕ್ಕಿದೆ ಎಂಬ ಸುದ್ದಿ ಬಂತು. ಅದು 'ಕಿಂಗ್ ಕಾಂಗ್', 'ಸಿಟಿಜನ್ ಕೇನ್' ಚಿತ್ರಗಳನ್ನು ತೆಗೆದ ಸಂಸ್ಥೆ. ಟೆಲಿವಿಷನ್‌ನ ಹೊಡೆತ ಮತ್ತು ಆಡಳಿತದ ಅವ್ಯವಸ್ಥೆ ಎರಡೂ ಸೇರಿ ಅದು ನೆಲಕಚ್ಚಿತ್ತು. ಅರ್ನಾಜ್ ಸುಮಾರು 61 ಲಕ್ಷ ಡಾಲರಿಗೆ ಅದರ ಸ್ಟುಡಿಯೊಗಳನ್ನು ಕೊಂಡರು. ಗಂಡ-ಹೆಂಡತಿ ಒಬ್ಬರನ್ನೊಬ್ಬರು ಮೊದಲು ಕಂಡ, ಇಬ್ಬರೂ ಸಂಬಳಕ್ಕೆ ದುಡಿದಿದ್ದ ಜಾಗಕ್ಕೆ ಈಗ ಅವರೇ ಒಡೆಯರು. 'ಗಾನ್ ವಿತ್ ದಿ ವಿಂಡ್' ಚಿತ್ರೀಕರಣವಾಗಿದ್ದ ಕಲ್ವರ್ ಸಿಟಿಯ ಬಯಲೂ ಅದರೊಡನೆ ಬಂತು.

ಅರ್ನಾಜ್ ಅವರ ಗಮನ ಹಾಸ್ಯದಿಂದ ಆಚೆಗೂ ಹರಿಯಿತು. 1958ರಲ್ಲಿ ಆರಂಭವಾದ 'ವೆಸ್ಟಿಂಗ್‌ಹೌಸ್ ಡೆಸಿಲು ಪ್ಲೇಹೌಸ್' ಎಂಬ ಸರಣಿಯಲ್ಲಿ ಪ್ರತಿ ವಾರ ಬೇರೆ ಬೇರೆ ಕಥೆ. ಸಿಬಿಎಸ್ ಮೂಲೆಗಿಟ್ಟಿದ್ದ ರಾಡ್ ಸರ್ಲಿಂಗ್ ಅವರ ಒಂದು ವಿಚಿತ್ರ ಕಥೆ ಆ ನವೆಂಬರ್‌ನಲ್ಲಿ ಇಲ್ಲಿ ಪ್ರಸಾರವಾಗಿ ಜನ ಮೆಚ್ಚಿದ್ದರಿಂದಲೇ ಮರುವರ್ಷ ಪ್ರಸಿದ್ಧ 'ಟ್ವಿಲೈಟ್ ಝೋನ್' ಸರಣಿಗೆ ದಾರಿಯಾಯಿತು. 1959ರಲ್ಲಿ ಇದೇ ಸರಣಿಯಲ್ಲಿ ಬಂದ 'ದಿ ಅನ್‌ಟಚಬಲ್ಸ್' ಅಲ್ ಕಪೋನ್‌ನ ತಂಡವನ್ನು ಬಗ್ಗುಬಡಿದ ಅಧಿಕಾರಿಗಳ ಕಥೆ. ಅದು ಸ್ವತಂತ್ರ ಧಾರಾವಾಹಿಯಾಗಿ ಎಬಿಸಿಯಲ್ಲಿ 1963ರವರೆಗೆ ನಡೆಯಿತು. ಕಪೋನ್ ಕುಟುಂಬದವರು ಪರಿಹಾರ ಕೇಳಿ ಮೊಕದ್ದಮೆ ಹೂಡಿದರು. ಅವರಲ್ಲಿ ಒಬ್ಬ ಅರ್ನಾಜ್ ಅವರ ಶಾಲೆಯ ಹಳೆಯ ಗೆಳೆಯ. ಮೊಕದ್ದಮೆ ನಿಲ್ಲಲಿಲ್ಲ. ಅಪರಾಧಿಗಳಿಗೆಲ್ಲ ಇಟಲಿಯ ಹೆಸರುಗಳೇ ಏಕೆ ಎಂದು ಇಟಲಿ ಮೂಲದ ಅಮೆರಿಕನ್ನರು ಪ್ರತಿಭಟಿಸಿದರು. ಇನ್ನೊಂದು ಸ್ವಾರಸ್ಯವೆಂದರೆ, ಆ ಧಾರಾವಾಹಿಯ ನಿರೂಪಣೆಗೆ ಅರ್ನಾಜ್ ಆರಿಸಿದ ದನಿ ಯಾರದು? ಆರು ವರ್ಷದ ಹಿಂದೆ ತಮ್ಮ ಹೆಂಡತಿಯ ಬಗ್ಗೆ ಸುಳಿವು ಬಿಟ್ಟಿದ್ದ ವಾಲ್ಟರ್ ವಿಂಚೆಲ್ ಅವರದೇ.

ಕಂಪೆನಿ ಉಳಿಯಿತು, ಸಂಸಾರ ಮುರಿಯಿತು

ಒಟ್ಟಿಗೆ ಬಾಳಬೇಕೆಂದು ಕಟ್ಟಿದ ಕಂಪೆನಿಯೇ ಅವರ ಬಾಳನ್ನು ನುಂಗಿತು ಎನ್ನಬೇಕು. ಹಗಲಿರುಳು ಕೆಲಸ, ಕುಡಿತ, ಇತರ ಹೆಣ್ಣುಗಳ ಸಹವಾಸ ಅರ್ನಾಜ್ ಅವರನ್ನು ಹಾಳುಮಾಡಿದವು. 1976ರಲ್ಲಿ ಬರೆದ ಆತ್ಮಕಥೆಯಲ್ಲಿ ಅವರು ತಮ್ಮ ತಪ್ಪುಗಳನ್ನು ಹೆಚ್ಚು ಮುಚ್ಚಿಟ್ಟಿಲ್ಲ. ಕೊನೆಯ ವಿಶೇಷ ಕಂತಿನ ಚಿತ್ರೀಕರಣ ನಡೆದದ್ದು 1960ರ ಮಾರ್ಚ್ 2ರಂದು, ಅವರ 43ನೇ ಹುಟ್ಟುಹಬ್ಬದ ದಿನ. ಮರುದಿನವೇ ಲೂಸಿಲ್ ಬಾಲ್ ವಿಚ್ಛೇದನಕ್ಕೆ ಅರ್ಜಿ ಹಾಕಿದರು.

ಕಂಪೆನಿಯ ಪಾಲುದಾರಿಕೆ ಇನ್ನೂ ಎರಡು ವರ್ಷ ಉಳಿಯಿತು. 1962ರ ನವೆಂಬರ್‌ನಲ್ಲಿ ಲೂಸಿಲ್ ಬಾಲ್ ಸುಮಾರು 25 ಲಕ್ಷ ಡಾಲರ್ ಕೊಟ್ಟು ಅರ್ನಾಜ್ ಅವರ ಪಾಲನ್ನು ಕೊಂಡು, ದೊಡ್ಡ ಸ್ಟುಡಿಯೊ ಒಂದನ್ನು ನಡೆಸಿದ ಮೊದಲ ಮಹಿಳೆಯರಲ್ಲಿ ಒಬ್ಬರಾದರು. 1966ರಲ್ಲಿ ಡೆಸಿಲುವಿನಿಂದ 'ಸ್ಟಾರ್ ಟ್ರೆಕ್', 'ಮಿಷನ್ ಇಂಪಾಸಿಬಲ್' ಧಾರಾವಾಹಿಗಳು ಹೊರಬಂದವು. 1967ರಲ್ಲಿ ಆಕೆ ಕಂಪೆನಿಯನ್ನು ಸುಮಾರು 170 ಲಕ್ಷ ಡಾಲರಿಗೆ ಮಾರಿದರು. ಡೆಸಿಲು ಪಕ್ಕದ ಪ್ಯಾರಮೌಂಟ್ ಸ್ಟುಡಿಯೊದಲ್ಲಿ ಲೀನವಾಯಿತು. ಅರ್ನಾಜ್ ಸ್ವಂತವಾಗಿ 1967ರಿಂದ 69ರವರೆಗೆ 'ದಿ ಮದರ್ಸ್-ಇನ್-ಲಾ' ಎಂಬ ಹಾಸ್ಯ ಸರಣಿ ನಿರ್ಮಿಸಿದರು. ಹಿಂದಿನ ಯಶಸ್ಸು ಮರುಕಳಿಸಲಿಲ್ಲ.

ಅವರ ಲೆಕ್ಕಾಚಾರದಲ್ಲಿ ಒಂದು ದೊಡ್ಡ ತಪ್ಪೂ ಇತ್ತು. ಸಾವಿರ ಡಾಲರ್ ಬಿಟ್ಟು ಉಳಿಸಿಕೊಂಡಿದ್ದ 'ಐ ಲವ್ ಲೂಸಿ'ಯ ಹಕ್ಕುಗಳನ್ನು, ಆರ್‌ಕೆಒ ಖರೀದಿಗೆ ಸ್ವಲ್ಪ ಮೊದಲು, ಅರ್ನಾಜ್ ಸಿಬಿಎಸ್‌ಗೇ ಸುಮಾರು 50 ಲಕ್ಷ ಡಾಲರಿಗೆ ಮಾರಿದ್ದರು. ಆಗ ಅದು ಭಾರಿ ಮೊತ್ತ. ಸ್ಟುಡಿಯೊ ಕೊಳ್ಳುವ ಶಕ್ತಿ ಬಂದದ್ದೂ ಅದರಿಂದಲೇ. ಆದರೆ ಆ 180 ಕಂತುಗಳು ಅಂದಿನಿಂದ ಇಂದಿನವರೆಗೆ ಯಾವುದಾದರೊಂದು ದೇಶದಲ್ಲಿ ಮರುಪ್ರಸಾರವಾಗುತ್ತಲೇ ಇವೆ. ಆ ಗಳಿಕೆಯೆಲ್ಲ ಸೇರಿದ್ದು, 1951ರಲ್ಲಿ ಬೇಡವೆಂದು ಬಿಟ್ಟುಕೊಟ್ಟಿದ್ದ ಸಂಸ್ಥೆಗೇ. ಫಿಲಂ ಡಬ್ಬಿಗೆ ಬೆಲೆಯಿದೆ ಎಂದು ಮೊದಲು ಕಂಡವರಿಗೂ ಅದು ಎಷ್ಟು ಎಂಬುದು ಪೂರ್ತಿ ಕಾಣಲಿಲ್ಲ.

ಹಾಗೆಂದು ಅವರ ಕೆಲಸ ಸಣ್ಣದಾಗುವುದಿಲ್ಲ. ಆ ಕಾಲದ ನೇರ ಪ್ರಸಾರದ ಕಾರ್ಯಕ್ರಮಗಳಲ್ಲಿ ಎಷ್ಟೋ ಇಂದು ಹೆಸರಿಗೂ ಉಳಿದಿಲ್ಲ. ಡೆಸಿಲುವಿನ ಫಿಲಂಗಳು ಉಳಿದಿವೆ. ಟೆಲಿವಿಷನ್ ತಯಾರಿಕೆ ನ್ಯೂಯಾರ್ಕ್‌ನಿಂದ ಹಾಲಿವುಡ್‌ಗೆ ಸರಿಯಲು, ಮರುಪ್ರಸಾರ ಎಂಬುದು ಒಂದು ದೊಡ್ಡ ಉದ್ಯಮವಾಗಲು ಆ ಧಾರಾವಾಹಿ ಮುಖ್ಯ ಕಾರಣಗಳಲ್ಲಿ ಒಂದು. ಪ್ರೇಕ್ಷಕರ ಎದುರು ಹಲವು ಕ್ಯಾಮೆರಾಗಳಲ್ಲಿ ಚಿತ್ರೀಕರಿಸುವ ಪದ್ಧತಿ 'ಚಿಯರ್ಸ್', 'ಫ್ರೆಂಡ್ಸ್'ನಂಥ ಧಾರಾವಾಹಿಗಳವರೆಗೂ ಹರಿದುಬಂತು.

1986ರ ಡಿಸೆಂಬರ್ 2ರಂದು ಡೆಸಿ ಅರ್ನಾಜ್ ಶ್ವಾಸಕೋಶದ ಕ್ಯಾನ್ಸರ್‌ನಿಂದ ತೀರಿಕೊಂಡರು. ಅದಾದ ಐದನೇ ದಿನ ವಾಷಿಂಗ್ಟನ್‌ನಲ್ಲಿ ಲೂಸಿಲ್ ಬಾಲ್ ಅವರಿಗೆ ಕೆನಡಿ ಸೆಂಟರ್ ಗೌರವ ಸಂದಿತು. ಸಮಾರಂಭಕ್ಕೆಂದು ಅರ್ನಾಜ್ ಬರೆದಿಟ್ಟಿದ್ದ ಮಾತುಗಳನ್ನು 'ದಿ ಅನ್‌ಟಚಬಲ್ಸ್'ನ ನಾಯಕ ನಟ ರಾಬರ್ಟ್ ಸ್ಟ್ಯಾಕ್ ಓದಿದರು. ಧಾರಾವಾಹಿಯ ಯಶಸ್ಸಿನಲ್ಲಿ ಹೆಚ್ಚಿನ ಪಾಲು ಲೂಸಿಯದೇ ಎಂದು ಅದರಲ್ಲಿ ಬರೆದಿದ್ದರು. 'ಐ ಲವ್ ಲೂಸಿ' ಎಂಬುದು ತಮಗೆ ಎಂದೂ ಬರೀ ಶೀರ್ಷಿಕೆಯಾಗಿರಲಿಲ್ಲ ಎಂಬುದು ಅದರ ಕೊನೆಯ ಮಾತು. ಸಭೆಯಲ್ಲಿದ್ದ ಲೂಸಿಲ್ ಬಾಲ್ ಅವರ ಕಣ್ಣು ತುಂಬಿತ್ತು.